ಸೊನ್ನೆಯ ಕೀಲಿ

ನನ್ನ ಟೈಪ್‌ರೈಟರಿನ ಸೊನ್ನೆಗೆ ಹಲ್ಲು ಬಂದಿದೆ.
ಒತ್ತಿದರೆ ಅಚ್ಚಾಗುವುದಿಲ್ಲ, ಕಾಗದ ತೂತಾಗುತ್ತದೆ.
ಐವತ್ತು ಸಾವಿರ ಎಂದರೆ
ಐದರ ಬೆನ್ನಿಗೆ ನಾಲ್ಕು ತೂತು.
ಢಕುವಾಖಾನಾ ಕೋರ್ಟಿನೆದುರು, ಹರಿದ ಛತ್ರಿಯ ಕೆಳಗೆ
ಮೂವತ್ತೊಂದು ವರ್ಷದಿಂದ
ಹೀಗೇ ತೂತು ಹೊಡೆದು ಉಣ್ಣುತ್ತಿದ್ದೇನೆ.

ದಿಂಬೇಶ್ವರ ಕುಟುಮನಿಗೆ ಜಾಮೀನು ಸಿಕ್ಕ ದಿನ
ಅವನ ಹೆಂಡತಿ ಪದುಮಿ
ಎಲೆಯಲ್ಲಿ ಸುತ್ತಿ ಬೇಯಿಸಿದ ಅನ್ನ ತಂದಿದ್ದಳು ನನಗೂ.
"ಬಿಟ್ಟರಂತೆ" ಎಂದಳು.
ಬಿಟ್ಟಿರಲಿಲ್ಲ. ಬಿಡಬಹುದು ಎಂದಿದ್ದರು, ಅಷ್ಟೆ.
ದೇವರು ವರ ಕೊಟ್ಟ ಮೇಲೂ
ಪೂಜಾರಿಯದೊಂದು ಪಟ್ಟಿ ಇರುತ್ತದಲ್ಲ,
ಅದನ್ನು ಓದಿ ಹೇಳುವ ಕೆಲಸ ನನ್ನದು:

ತಲಾ ಐವತ್ತು ಸಾವಿರಕ್ಕೆ ಇಬ್ಬರು ಜಾಮೀನುದಾರರು,
ಇಬ್ಬರಿಗೂ ಸ್ವಂತ ಜಮೀನು, ಪಟ್ಟಾ ಸಮೇತ.
ವಾರಕ್ಕೆ ಮೂರು ದಿನ ಠಾಣೆಯಲ್ಲಿ ರುಜು.
ಜಿಲ್ಲೆಯ ಗಡಿ ದಾಟಕೂಡದು.

ಕಳುವಾದದ್ದು ನೀರೆತ್ತುವ ಪಂಪು, ಹಳೆಯದು.
ಒಡ್ಡಿನ ಗುತ್ತಿಗೆದಾರ ದೂರಿನಲ್ಲಿ
ಒಂಬತ್ತು ಸಾವಿರ ಎಂದು ಬರೆಸಿದ್ದ.
ಅದನ್ನೂ ಟೈಪು ಮಾಡಿದವನು ನಾನೇ.
ಮೂರು ತೂತು.

ಜಮೀನು ಇರಲಿಲ್ಲವೆಂದಲ್ಲ.
ಸೋದರಮಾವ ಪಟ್ಟಾ ತಂದ, ಪ್ಲಾಸ್ಟಿಕ್ಕಿನಲ್ಲಿ ಸುತ್ತಿ,
ಮಡಿಕೆ ಮಡಿಕೆಗೆ ಹರಿದು ನಾಲ್ಕಾದ ಕಾಗದ.
ಎಂಟು ಬಿಘಾ. ಚೆಕ್ಕುಬಂದಿ ಸರಿಯಾಗಿತ್ತು:
ಪೂರ್ವಕ್ಕೆ ಹಲಸಿನ ಮರ, ಪಶ್ಚಿಮಕ್ಕೆ ಶಾಲೆ,
ಉತ್ತರಕ್ಕೆ ಅಣ್ಣನ ಗದ್ದೆ, ದಕ್ಷಿಣಕ್ಕೆ ಸರ್ಕಾರಿ ದಾರಿ.
"ಈಗೆಲ್ಲಿದೆ?" ಕೇಳಿದರು ತಪಾಸಣೆಗೆ ಬಂದವರು.
ಮಾವ ಸುಬನ್ಸಿರಿಯ ನಡುನೀರಿಗೆ ಕೈ ತೋರಿಸಿದ.
ಅಲ್ಲಿ ತೇಲುವ ಕೊರಡಿನ ಮೇಲೆ
ನೀರುಕಾಗೆಯೊಂದು ರೆಕ್ಕೆ ಹರಡಿ ಕೂತಿತ್ತು.
ಸದ್ಯಕ್ಕೆ ಸ್ವಾಧೀನ ಅದರದು.

ಇನ್ನು ಗಡಿ.
ಹೊಳೆಯೇ ಗಡಿ ಎನ್ನುತ್ತದೆ ನಕ್ಷೆ.
ಹೊಳೆಯೋ, ಮಳೆಗಾಲಕ್ಕೊಮ್ಮೆ ಮಗ್ಗುಲು ಬದಲಿಸುತ್ತದೆ.
ಮರಳ ದಿಬ್ಬದ ಮೇಲೆ ಬಿದಿರ ಕಾಲೂರಿ ನಿಂತ
ಅವನ ಮನೆ ಈಗ ಯಾವ ಜಿಲ್ಲೆಯದು
ಎಂದು ನಾನು ಯಾರನ್ನೂ ಕೇಳಲಿಲ್ಲ.
ಕೇಳಿದ್ದರೆ
ಮನೆಗೆ ಹೋಗುವುದೇ ಅಪರಾಧವಾಗುತ್ತಿತ್ತೇನೋ.

ಏಳು ತಿಂಗಳು.
ಜಾಮೀನು ಸಿಕ್ಕವನು ಜೈಲಿನಲ್ಲಿ.
ಪದುಮಿ ಎರಡು ಹಂದಿ ಮಾರಿದಳು, ವಕೀಲರಿಗೆ.
ಮೂರನೆಯದಕ್ಕೆ ಮರಿ ಇದ್ದವು, ಮಾರಲಿಲ್ಲ.

ಗುವಾಹಟಿಯಿಂದ ಆದೇಶ ಬಂತು, ಎರಡೇ ಪುಟ.
ಬರೆದ ನ್ಯಾಯಮೂರ್ತಿಯನ್ನು ನಾವು ಯಾರೂ ಕಂಡಿಲ್ಲ.
'ಪೂರೈಸಲಾಗದ ಷರತ್ತು ಹಾಕಿ ಕೊಟ್ಟ ಜಾಮೀನು
ಕೊಟ್ಟ ಜಾಮೀನಲ್ಲ' ಎಂದಿತ್ತು.
ಆ ಸಾಲನ್ನು ಎರಡು ಸಲ ಟೈಪು ಮಾಡಿದೆ.
ಒಂದು ಕಡತಕ್ಕೆ,
ಒಂದು ನನ್ನ ಅಂಗಿಯ ಜೇಬಿಗೆ.
ಜಾಮೀನುದಾರರು ಬೇಡ. ಗಡಿಯ ಮಾತಿಲ್ಲ.
ರುಜು ತಿಂಗಳಿಗೊಮ್ಮೆ.
ಆರೋಪಿಯ ಸ್ವಂತ ಮುಚ್ಚಳಿಕೆಯೇ ಸಾಕು.

ಹೆಬ್ಬೆಟ್ಟು ಒತ್ತಿಸಲು ವಕೀಲರ ಜೊತೆ ಜೈಲಿಗೆ ಹೋದೆ.
"ಇದರಲ್ಲಿ ಏನಿದೆ?"
"ಕರೆದಾಗ ಬರುತ್ತೇನೆ ಅಂತ ನಿನ್ನ ಮಾತು."
"ಬೇರೆ?"
"ಬೇರೇನಿಲ್ಲ."
ಅವನು ಹಾಳೆಯನ್ನು ಮಗುಚಿ ನೋಡಿದ,
ಬೆಳಕಿಗೆ ಹಿಡಿದ.
ಎಲ್ಲೂ ತೂತಿರಲಿಲ್ಲ.
"ಇದನ್ನೇ ಅವತ್ತು ಕೇಳಿದ್ದರೆ
ಅವತ್ತೇ ಕೊಡುತ್ತಿದ್ದೆನಲ್ಲ" ಎಂದ.
ವಕೀಲರು ಪೆನ್ನಿನ ಮುಚ್ಚಳ ಹುಡುಕತೊಡಗಿದರು.

ಕೇಸು ಇನ್ನೂ ಇದೆ. ಪಂಪು ಸಿಕ್ಕಿಲ್ಲ.
ಮುಂದಿನ ತಾರೀಕು ಫಾಲ್ಗುಣದಲ್ಲಿ.

ಅಂದು ಕಾಗದಪತ್ರ ಮುಗಿದು ಅವನು ಹೊರಬರುವಾಗ
ಕೊನೆಯ ದೋಣಿ ಹೋಗಿಯಾಗಿತ್ತು.
ಚಹಾ ಅಂಗಡಿಯವ ಒಲೆ ಆರಿಸುತ್ತಿದ್ದ.
ನನ್ನ ಛತ್ರಿಯ ಕೆಳಗಿನ ಬೆಂಚು ತೋರಿಸಿದೆ.
ಚೀಲವನ್ನು ತಲೆದಿಂಬು ಮಾಡಿಕೊಂಡ,
ಮಲಗುವ ಮೊದಲು ಒಂದು ಗಳಿಗೆ ತಡೆದು
ಕೇಳಿದ, ನಗುತ್ತಲೋ ಹೆದರಿಯೋ ತಿಳಿಯಲಿಲ್ಲ:
"ಈ ಬೆಂಚು ಜಿಲ್ಲೆಯ ಒಳಗೇ ಅಲ್ಲವೇ, ಮಾಸ್ತರೇ?"